ಟವೆಲ್ಲು ಎತ್ತಿದ ವಿರುಪಾಕ್ಷಪ್ಪ

ನವಿ ಮುಂಬಯಿಯ ವಾಶಿಯ ಹಣ್ಣಿನ ಮಾರ್ಕೆಟ್ಟಿನಲ್ಲಿ ವಿರುಪಾಕ್ಷಪ್ಪನಿಗೆ ಮಗಳ ಸುದ್ದಿ ಎತ್ತಲು ನೆಪವೇ ಬೇಕಿರಲಿಲ್ಲ. ಗಿರಾಕಿ ದಾಳಿಂಬೆಯನ್ನು ಒತ್ತಿ ನೋಡಿ ಗಟ್ಟಿ ಇದೆಯೇ ಎಂದರೆ ಸಾಕು, ಗಟ್ಟಿ ಅಂದರೆ ನಮ್ಮ ವೈಶಾಲಿ ಎಂದು ಅಲ್ಲಿಂದಲೇ ಶುರು. ಹಣ್ಣು ಅಲ್ಲೇ ಉಳಿಯುತ್ತಿತ್ತು, ಮಾತು ಬೆಲ್ಟ್ ಕುಸ್ತಿಗೆ ಹೋಗುತ್ತಿತ್ತು. ಸೊಂಟಕ್ಕೆ ದಪ್ಪ ಬಟ್ಟೆಯ ಪಟ್ಟಿ ಕಟ್ಟಿಕೊಂಡು, ಒಬ್ಬರ ಪಟ್ಟಿಯನ್ನು ಇನ್ನೊಬ್ಬರು ಹಿಡಿದು, ಹಿಡಿದ ಕೈ ಬಿಡದೆ ಎತ್ತಿ ಕೆಡಹುವ ಆಟ ಅದು. ಕೇಳುವವನಿಗೆ ತಿಳಿಯದಿದ್ದರೆ ವಿರುಪಾಕ್ಷಪ್ಪ ಅವನ ಸೊಂಟವನ್ನೇ ಹಿಡಿದು ತೋರಿಸುತ್ತಿದ್ದ. ಹಾಗೆ ಎಷ್ಟೋ ಗಿರಾಕಿಗಳು ಪಕ್ಕದ ಅಂಗಡಿಗೆ ಹೋದರು. ಅವನಿಗೆ ಅದರ ಖಬರು ಇರಲಿಲ್ಲ.

ವಿಜಾಪುರದ ಕಡೆಯಿಂದ ಬಂದು ಮಾರ್ಕೆಟ್ಟಿನಲ್ಲಿ ನೆಲೆಯೂರಿದ ಮನುಷ್ಯ ಅವನು. ಸಾನಪಾಡಾದಲ್ಲಿ ಫ್ಲ್ಯಾಟು, ಮನೆಯಲ್ಲಿ ಹೆಂಡತಿ ರುದ್ರವ್ವ, ಕಾಲೇಜಿಗೆ ಹೋಗುವ ಒಬ್ಬಳೇ ಮಗಳು ವೈಶಾಲಿ. ಮಗಳು ಹುಟ್ಟಿದ್ದು ಇಲ್ಲೇ. ಅಪ್ಪ ಕನ್ನಡದಲ್ಲಿ ಕೇಳಿದರೆ ಅವಳು ಹಿಂದಿಯಲ್ಲಿ ಉತ್ತರ ಕೊಡುವಳು, ಸಿಟ್ಟು ಬಂದರೆ ಮರಾಠಿಯಲ್ಲಿ. ಏನು ಆಡಿದರೂ ಮುತ್ತು ಉದುರಿದಂತೆ ಅವನು ಕೇಳುತ್ತಿದ್ದ.

ಬೆಲ್ಟ್ ಕುಸ್ತಿಯ ರಾಜ್ಯ ಸಂಘಕ್ಕೆ ಅಧ್ಯಕ್ಷನಾಗಿದ್ದವನು ಅದೇ ಮಾರ್ಕೆಟ್ಟಿನ ದ್ರಾಕ್ಷಿ ವ್ಯಾಪಾರಿ ಯಂಕಣ್ಣ. ಅವನ ಸೊಂಟಕ್ಕೆ ಪ್ಯಾಂಟಿನ ಬೆಲ್ಟೇ ಸಾಲುತ್ತಿರಲಿಲ್ಲ, ಇನ್ನು ಕುಸ್ತಿಯ ಬೆಲ್ಟು ಎಲ್ಲಿಂದ ಬರಬೇಕು? ಆದರೂ ಅವನು ಕುರ್ಚಿ ಬಿಟ್ಟವನಲ್ಲ. ತಂಡ ಹೊರದೇಶಕ್ಕೆ ಹೊರಟಾಗಲೆಲ್ಲ ಮ್ಯಾನೇಜರ್ ಎಂದು ತಾನೇ ಹೊರಡುತ್ತಿದ್ದ. ಆಡುವವರಿಗಿಂತ ಅವರ ಜೊತೆ ಹೋಗುವ ಕೋಟು ತೊಟ್ಟ ಪದಾಧಿಕಾರಿಗಳೇ ಹೆಚ್ಚಾಗಿ ಒಮ್ಮೆ ಹುಡುಗಿಯೊಬ್ಬಳನ್ನು ವಿಮಾನ ನಿಲ್ದಾಣದಿಂದಲೇ ವಾಪಸು ಕಳಿಸಿದ್ದರಂತೆ. ವಿರುಪಾಕ್ಷಪ್ಪನನ್ನು ನವಿ ಮುಂಬಯಿ ಜಿಲ್ಲೆಯ ಕಾರ್ಯದರ್ಶಿ ಮಾಡಿದ್ದೂ ಯಂಕಣ್ಣನೇ, ತನ್ನ ಕಡೆಗೆ ಇನ್ನೊಂದು ವೋಟು ಇರಲಿ ಎಂದು. ವಿರುಪಾಕ್ಷಪ್ಪ ಮಾತ್ರ ಆ ಪದವಿಯ ಕಾರ್ಡು ಛಾಪಿಸಿ ಹಮಾಲರಿಗೂ ಹಂಚಿದ್ದ.

ಆ ಮಾರ್ಕೆಟ್ಟಿನ ಒಂದು ಪದ್ಧತಿಯನ್ನು ಇಲ್ಲೇ ಹೇಳಿಬಿಡಬೇಕು. ದೊಡ್ಡ ವ್ಯಾಪಾರವಿದ್ದಾಗ ಅಲ್ಲಿ ದರವನ್ನು ಯಾರೂ ಬಾಯಿ ಬಿಟ್ಟು ಹೇಳುವುದಿಲ್ಲ. ಮಾರುವವನೂ ಕೊಳ್ಳುವವನೂ ಕೈ ಕೈ ಹಿಡಿಯುತ್ತಾರೆ, ಮೇಲೊಂದು ಟವೆಲ್ಲು ಹೊದಿಸುತ್ತಾರೆ, ಬೆರಳು ಒತ್ತಿ ದರ ಹೇಳಿಕೊಳ್ಳುತ್ತಾರೆ. ಸುತ್ತ ನಿಂತವರಿಗೆ ಕಾಣುವುದು ಅಲುಗಾಡುವ ಬಟ್ಟೆಯಷ್ಟೆ. ಬೆರಳನ್ನು ತಿರುಗಿ ಒತ್ತಿದರೆ ವ್ಯವಹಾರ ಮುಗಿಯಿತು, ಮಾತಿಗೆ ತಪ್ಪುವಂತಿಲ್ಲ. ಕೈ ಒಳಗಿರುವಾಗ ಟವೆಲ್ಲು ಎತ್ತುವ ಮಾತಂತೂ ದೂರ. ಅಂಥವನೊಬ್ಬ ಇದ್ದನೆಂದು ಹಳಬರೂ ಹೇಳುತ್ತಿರಲಿಲ್ಲ.

ಎರಡು ಸಾವಿರದ ಹದಿಮೂರನೆಯ ಇಸವಿ ಅದು. ಚುನಾವಣೆಯನ್ನು ಸರಿಯಾಗಿ ಮಾಡಲಿಲ್ಲವೆಂದು ಜಗತ್ತಿನ ಒಲಿಂಪಿಕ್ ಸಮಿತಿ ನಮ್ಮ ದೇಶದ ಸಂಸ್ಥೆಯನ್ನು ಅಮಾನತಿನಲ್ಲಿ ಇಟ್ಟಿತ್ತು. ನಮ್ಮವರು ಆಡಬಹುದು, ಆದರೆ ತ್ರಿವರ್ಣ ಧ್ವಜ ಹಿಡಿಯುವಂತಿಲ್ಲ. ಗೆದ್ದರೆ ಏರುವುದು ಐದು ಉಂಗುರಗಳ ಬಿಳಿ ಬಾವುಟ. ಆ ವರ್ಷ ಏಷ್ಯಾದ ದೇಶಗಳ ಒಂದು ಕ್ರೀಡಾಕೂಟದಲ್ಲಿ ಬೆಲ್ಟ್ ಕುಸ್ತಿಯೂ ಇತ್ತು. ವೈಶಾಲಿಯ ತೂಕದ ಒಂದೇ ಒಂದು ಜಾಗವನ್ನು ಮಹಾರಾಷ್ಟ್ರಕ್ಕೆ ಬಿಟ್ಟಿದ್ದರು. ಅಲ್ಲಿಗೆ ಯಾರನ್ನು ಕಳಿಸಬೇಕೆಂದು ತೀರ್ಮಾನಿಸುವುದು ರಾಜ್ಯ ಸಂಘ. ಆ ಸಂಘಕ್ಕೇ ಈಗ ಹೊಸದಾಗಿ ಚುನಾವಣೆ, ಅದನ್ನು ನೋಡಿಕೊಳ್ಳಲು ಒಬ್ಬರು ನಿವೃತ್ತ ನ್ಯಾಯಾಧೀಶರು.

ಯಂಕಣ್ಣ ಒಂದು ಬೆಳಿಗ್ಗೆ ದಾಳಿಂಬೆ ಪೆಟ್ಟಿಗೆಯ ಮೇಲೆ ಕೂತು ಟವೆಲ್ಲು ಹಾಸಿದ. ಒಳಗೆ ವಿರುಪಾಕ್ಷಪ್ಪನ ಒಂದು ಬೆರಳನ್ನು ಒತ್ತಿದ. ಬಾಯಲ್ಲಿ ಹೇಳಿದ್ದು ಮಳೆಯ ವಿಷಯ. ಒಂದು ಬೆರಳು ಎಂದರೆ ಒಂದು ಜಾಗ, ಒಂದು ಜಾಗ ಎಂದರೆ ವೈಶಾಲಿ, ಬದಲಿಗೆ ಚುನಾವಣೆಯಲ್ಲಿ ಯಂಕಣ್ಣನಿಗೆ ವೋಟು. ವಿರುಪಾಕ್ಷಪ್ಪ ಹಿಂದೆ ಮುಂದೆ ನೋಡದೆ ಬೆರಳನ್ನು ತಿರುಗಿ ಒತ್ತಿದ.

ಮನೆಗೆ ಬಂದವನೇ ರುದ್ರವ್ವನಿಗೆ ಹೋಳಿಗೆ ಮಾಡಲು ಹೇಳಿದ. ಮಗಳನ್ನು ಕರೆದು, ನಿನ್ನ ಜಾಗ ಪಕ್ಕಾ ಆಯಿತು ಎಂದ. ಆಯ್ಕೆಯ ಟ್ರಯಲ್ ಯಾವಾಗ ಎಂದು ಅವಳು ಕೇಳಿದಳು. ಟ್ರಯಲ್ ಎಲ್ಲ ಯಾಕೆ, ಯಂಕಣ್ಣ ಬೆರಳು ಒತ್ತಿ ಮಾತು ಕೊಟ್ಟಿದ್ದಾನೆ ಎಂದು ಅವನು ನಕ್ಕ. ವೈಶಾಲಿ ನಗಲಿಲ್ಲ.

"ಪಪ್ಪಾ, ತಿರಂಗಾ ಕ್ಯೂಂ ನಹೀಂ ಮಿಲೇಗಾ, ಮಾಲೂಮ್ ಹೈ?" ಎಂದಳು.

ನಮ್ಮ ಬಾವುಟ ಯಾಕೆ ಸಿಗುವುದಿಲ್ಲ ಎಂಬುದು ಅವನಿಗೆ ಗೊತ್ತಿರದೆ ಏನು? "ದಿಲ್ಲಿಯವರು ಇಲೆಕ್ಷನ್‌ದಾಗ ಗದ್ಲ ಮಾಡ್ಯಾರ, ಅದಕ್ಕ."

"ಔರ್ ಆಪನೇ ಕ್ಯಾ ಕಿಯಾ?"

ನೀವು ಮಾಡಿದ್ದಾದರೂ ಏನು ಎಂದು ಹೆತ್ತ ಮಗಳು ಕೇಳಿದರೆ ಅಪ್ಪನಾದವನು ಏನು ಹೇಳಬೇಕು? ವಿರುಪಾಕ್ಷಪ್ಪ ಕೂಗಾಡಿದ. ದಿಲ್ಲಿ ಎಲ್ಲಿ, ಸಾನಪಾಡಾ ಎಲ್ಲಿ ಎಂದ. ನಿನ್ನ ಸಲುವಾಗಿ ಮಾಡಿದ್ದು ಎಂದ. ಅವಳು ತನ್ನ ಬೆಲ್ಟು ಮಡಚಿ ಬ್ಯಾಗಿಗೆ ಹಾಕಿಕೊಂಡು ಪ್ರಾಕ್ಟೀಸಿಗೆ ಹೋದಳು. ಹೋಳಿಗೆಯನ್ನು ಅವನೊಬ್ಬನೇ ತಿಂದ. ರುದ್ರವ್ವ ಅವನಿಗೆ ತುಪ್ಪ ಬಡಿಸಿ, ಮಗಳ ಪಾಲಿನದನ್ನು ಡಬ್ಬಿಗೆ ಹಾಕಿಟ್ಟಳು.

ಚುನಾವಣೆ ಠಾಣೆ ಪಟ್ಟಣದ ನೌಪಾಡಾದ ಒಂದು ಸಭಾಗೃಹದಲ್ಲಿ. ವಿರುಪಾಕ್ಷಪ್ಪ ಇಸ್ತ್ರಿ ಮಾಡಿದ ಅಂಗಿ ತೊಟ್ಟು ಹೋದ. ಬಾಗಿಲಲ್ಲಿ, ಠಾಣೆಯಿಂದ ಆಚೆಯ ಕಲ್ಯಾಣದ ಅಶ್ಮಿತಾ ನಿಂತಿದ್ದಳು. ಮೂಲ ಕಾರ್ಕಳದ ಕಡೆಯ ಹುಡುಗಿ, ಅಪ್ಪ ಕಲ್ಯಾಣದ ಹೋಟೆಲಿನಲ್ಲಿ ಅಡುಗೆಯವನು. ವೈಶಾಲಿಯದೇ ತೂಕ. ಇಬ್ಬರೂ ಎಷ್ಟೋ ಸಲ ಎದುರಾಗಿದ್ದರು, ಒಮ್ಮೆ ಇವಳು ಗೆದ್ದರೆ ಇನ್ನೊಮ್ಮೆ ಅವಳು. ಅವನನ್ನು ಕಂಡವಳೇ ಎರಡು ಹೆಜ್ಜೆ ಮುಂದೆ ಬಂದಳು.

"ಅಂಕಲ್, ಟ್ರಯಲ್ ಯಾವಾಗ ಅಂತ ಯಾರೂ ಹೇಳುದಿಲ್ಲ ಮಾರ್ರೆ. ನಿಮ್ಗಾದ್ರೂ ಗೊತ್ತುಂಟಾ?"

ಆಗುತ್ತದೆ, ಆಗುತ್ತದೆ ಎಂದು ಗೊಣಗಿ ವಿರುಪಾಕ್ಷಪ್ಪ ಒಳಗೆ ಸೇರಿಕೊಂಡ. ಆ ಹುಡುಗಿಯ ಮುಖ ನೋಡಲಿಕ್ಕೆ ಅವನಿಗೆ ನಾಚಿಕೆಯಾಯಿತು. ಮಾರ್ಕೆಟ್ಟಿನಲ್ಲಿ ಟವೆಲ್ಲಿನ ಕೆಳಗೆ ಅವನು ಒತ್ತಿದ್ದು ಇವಳ ಜಾಗವನ್ನೇ ಇರಬಹುದಲ್ಲ ಎಂದು ಆವರೆಗೆ ಅವನಿಗೆ ಹೊಳೆದಿರಲೇ ಇಲ್ಲ.

ಒಳಗೆ ವೇದಿಕೆಯ ಮೇಲೆ ನ್ಯಾಯಾಧೀಶರು ಕನ್ನಡಕ ಒರೆಸಿಕೊಳ್ಳುತ್ತಿದ್ದರು. ಕೆಳಗೆ ಜಿಲ್ಲೆಗಳ ಕಾರ್ಯದರ್ಶಿಗಳು, ಅರ್ಧಕ್ಕರ್ಧ ಮಾರ್ಕೆಟ್ಟಿನವರೇ. ಈ ಸಲ ಎದುರು ಬಣವೂ ಗಟ್ಟಿಯಿತ್ತು. ಅದಕ್ಕೇ ಯಂಕಣ್ಣ ಸಾಲು ಸಾಲಾಗಿ ಕೂತು ಎದ್ದು, ಎಲ್ಲರ ಕ್ಷೇಮ ವಿಚಾರಿಸುತ್ತ ಬರುತ್ತಿದ್ದ. ಅವನ ಹೆಗಲ ಟವೆಲ್ಲು ಪ್ರತಿಯೊಬ್ಬರ ಮಡಿಲಲ್ಲೂ ಒಂದು ಗಳಿಗೆ ಬಿದ್ದು ಏಳುತ್ತಿತ್ತು. ನ್ಯಾಯಾಧೀಶರಿಗೆ ಅದೇನೋ ಮರ್ಯಾದೆಯ ಪದ್ಧತಿ ಅನ್ನಿಸಿರಬೇಕು, ಒಂದು ಸಲ ಮುಗುಳ್ನಕ್ಕರು.

ವಿರುಪಾಕ್ಷಪ್ಪನ ಸರದಿ ಬಂತು. ಯಂಕಣ್ಣ ಪಕ್ಕದಲ್ಲಿ ಕೂತ, ಟವೆಲ್ಲು ಹೊದಿಸಿದ. ಮೊದಲು ಹಳೆಯ ಬೆರಳನ್ನು ಒತ್ತಿದ. ಆಮೇಲೆ ಅದರ ಪಕ್ಕದ ಬೆರಳನ್ನು ಒತ್ತಿದ. ಕಿವಿಯ ಹತ್ತಿರ ಬಾಯಿ ತಂದು, ಕೋಟು ಹೊಲಿಸಿಕೊ ಎಂದ. ಅಂದರೆ ಮಗಳ ಜೊತೆ ಅಪ್ಪನೂ ವಿಮಾನ ಹತ್ತಬಹುದು, ಮ್ಯಾನೇಜರ್ ಎಂದು.

ಸುಳ್ಳು ಯಾಕೆ ಹೇಳಬೇಕು, ವಿರುಪಾಕ್ಷಪ್ಪನಿಗೆ ಆಸೆಯಾಯಿತು. ನೀಲಿ ಕೋಟು, ಕೊರಳಲ್ಲಿ ಗುರುತಿನ ಕಾರ್ಡು, ಮಗಳ ಹಿಂದೆ ಮೆರವಣಿಗೆ. ಎಲ್ಲವೂ ಕಣ್ಣ ಮುಂದೆ ಬಂತು. ಬೆರಳು ಇನ್ನೇನು ತಿರುಗಿ ಒತ್ತಬೇಕು, ಅಷ್ಟರಲ್ಲಿ ಬಾಗಿಲ ಕಡೆ ದೃಷ್ಟಿ ಹೋಯಿತು. ಅಶ್ಮಿತಾ ಇನ್ನೂ ನಿಂತೇ ಇದ್ದಳು, ಒಳಗೆ ಬರುವ ಒಬ್ಬೊಬ್ಬರನ್ನೂ ಅದೇ ಮಾತು ಕೇಳುತ್ತ. ನೀವು ಮಾಡಿದ್ದಾದರೂ ಏನು ಎಂಬ ಮಗಳ ಮಾತು ಆಗ ಅವನಿಗೆ ನಿಜವಾಗಿ ಕೇಳಿಸಿತು.

ಅವನು ಎಡಗೈಯಿಂದ ಟವೆಲ್ಲಿನ ತುದಿ ಹಿಡಿದು ಎತ್ತಿಬಿಟ್ಟ.

ಇಬ್ಬರ ಕೈ ಹಾಗೇ ಬಯಲಿಗೆ ಬಿತ್ತು, ಯಂಕಣ್ಣನ ಮುಷ್ಟಿಯಲ್ಲಿ ವಿರುಪಾಕ್ಷಪ್ಪನ ಎರಡು ಬೆರಳು. ಹಿಂದಿನ ಸಾಲಿನಲ್ಲಿದ್ದ ಮಾರ್ಕೆಟ್ಟಿನ ಒಬ್ಬ ಮುದುಕ ನೋಡಬಾರದ್ದನ್ನು ನೋಡಿದವನ ಹಾಗೆ ಮುಖ ತಿರುಗಿಸಿದ. ಇದೇನು ಎಂದು ನ್ಯಾಯಾಧೀಶರು ಕೇಳಿದರು. ವಿರುಪಾಕ್ಷಪ್ಪ ಎದ್ದು ನಿಂತ. ಅವನ ಕನ್ನಡವನ್ನು ಪಕ್ಕದವನೊಬ್ಬ ಮರಾಠಿಯಲ್ಲಿ ಹೇಳಬೇಕಾಯಿತು.

"ಇದು ವೋಟಿನ ದರ ರೀ, ಸಾಹೇಬ್ರ. ಒಂದು ಬೆರಳು ನನ್ನ ಮಗಳಿಗೆ ಜಾಗಾ, ಇನ್ನೊಂದು ಬೆರಳು ನನಗ ಕೋಟು. ಮೊದಲನೇದಕ್ಕ ನಾ ಹೂಂ ಅಂದಿದ್ದೆ. ಅದು ನನ್ನ ತಪ್ಪು."

ಆಮೇಲಿನದು ಬೇಗ ಬೇಗ ಆಯಿತು. ನ್ಯಾಯಾಧೀಶರು ಟವೆಲ್ಲುಗಳನ್ನೆಲ್ಲ ಮೇಜಿನ ಮೇಲೆ ಇಡಿಸಿದರು. ಮೇಜು ತುಂಬಿತು. ಯಂಕಣ್ಣನ ಹೆಸರನ್ನು ತೆಗೆದು, ಒಬ್ಬೊಬ್ಬರನ್ನೇ ಪರದೆಯ ಹಿಂದೆ ಕಳಿಸಿ ಚೀಟಿ ಹಾಕಿಸಿದರು. ಆಟಗಾರರನ್ನು ಎಲ್ಲರೆದುರು ಟ್ರಯಲ್ ನಡೆಸಿಯೇ ಆರಿಸಬೇಕು ಎಂದು ಬರೆಸಿದರು. ವಿರುಪಾಕ್ಷಪ್ಪ ಹೊರಗೆ ಬಂದು ಅಶ್ಮಿತಾಳಿಗೆ, ಟ್ರಯಲ್ ಐತೆವ್ವಾ, ಡೊಂಬಿವಲಿಯಾಗ ಎಂದು ಹೇಳಿದ. ಅವಳು ಥ್ಯಾಂಕ್ಸ್ ಎಂದು ಓಡಿದಳು.

ಮಾರ್ಕೆಟ್ಟು ಅವನನ್ನು ಸುಮ್ಮನೆ ಬಿಡಲಿಲ್ಲ. ಟವೆಲ್ಲು ಎತ್ತಿದವನ ಜೊತೆ ಕೈ ಸೇರಿಸುವವರು ಯಾರು? ಹಣ್ಣು ಪೆಟ್ಟಿಗೆಯಲ್ಲೇ ಕಪ್ಪಾಗತೊಡಗಿತು. ಹಳೆಯ ಗೆಳೆಯ ಹುಲಗಪ್ಪ ಒಬ್ಬನೇ ಬಂದು ಚಹಾ ಕುಡಿದು ಹೋಗುತ್ತಿದ್ದ, ಅವನೂ ಕೈಯನ್ನು ಜೇಬಿನಲ್ಲೇ ಇಟ್ಟುಕೊಂಡು. ಯಾರೂ ಕೇಳದಿದ್ದರೂ ವಿರುಪಾಕ್ಷಪ್ಪ ಮಗಳ ಸುದ್ದಿಯನ್ನು ಬಿಡಲಿಲ್ಲ. ಡೊಂಬಿವಲಿಗೆ ಬಂದು ನೋಡಿರಿ, ಎಲ್ಲರೆದುರು ಎತ್ತಿ ಒಗೆಯುತ್ತಾಳೆ ಎನ್ನುತ್ತಿದ್ದ. ಒಳಗೊಳಗೆ ಮಾತ್ರ ಅಳುಕು. ಕೈಗೆ ಬಂದಿದ್ದ ಜಾಗವನ್ನು ತಾನೇ ಮೇಜಿನ ಮೇಲೆ ಇಟ್ಟು ಬಂದಿದ್ದ. ಈಗ ಆ ಹುಡುಗಿ ಗೆದ್ದುಬಿಟ್ಟರೆ?

ಟ್ರಯಲ್ಲಿನ ದಿನ ಡೊಂಬಿವಲಿಯ ಸಭಾಂಗಣ ಕಿಕ್ಕಿರಿದಿತ್ತು. ಟವೆಲ್ಲಿನ ಸುದ್ದಿ ಕೇಳಿ ಬಂದವರೇ ಬಹಳ. ವೈಶಾಲಿ ಬೆಲ್ಟು ಬಿಗಿದು ಚಾಪೆಗೆ ಇಳಿದಳು, ಎದುರಿಗೆ ಅಶ್ಮಿತಾ. ಇಬ್ಬರೂ ಒಬ್ಬರ ಬೆಲ್ಟು ಒಬ್ಬರು ಹಿಡಿದು ಭುಜಕ್ಕೆ ಭುಜ ಕೊಟ್ಟು ನಿಂತರು. ಮೊದಲ ಏಟಿಗೇ ಅಶ್ಮಿತಾ ಅವಳನ್ನು ಎತ್ತಿ ಹಾಕಿದಳು. ವೈಶಾಲಿ ಎದ್ದು, ಹಿಡಿದು, ಅವಳನ್ನು ಎತ್ತಿ ಹಾಕಿದಳು. ಹೀಗೇ ನಡೆಯಿತು, ಅಂಕ ಸಮ ಸಮ. ವೈಶಾಲಿಯ ತುಟಿ ಒಡೆದು ರಕ್ತ ಬಂತು, ಒರೆಸಿಕೊಳ್ಳಲು ಸಹ ಕೈ ಬಿಡಲಿಲ್ಲ. ರುದ್ರವ್ವ ಸೆರಗನ್ನು ಬಾಯಿಗೆ ಒತ್ತಿಕೊಂಡು ಕೂತಿದ್ದಳು. ವಿರುಪಾಕ್ಷಪ್ಪ ಕೂತಿರಲಿಲ್ಲ. ಇಷ್ಟು ದಿನ ಊರೆಲ್ಲ ಸಾರಿಕೊಂಡು ಬಂದ ತನ್ನ ಮಗಳನ್ನು ತಾನು ನೋಡಿಯೇ ಇರಲಿಲ್ಲ ಅನ್ನಿಸಿತು ಅವನಿಗೆ.

ಕೊನೆಯ ಗಳಿಗೆಯಲ್ಲಿ ವೈಶಾಲಿ ಎದುರಾಳಿಯನ್ನು ನೆಲದಿಂದ ಮೇಲೆತ್ತಿದ್ದಳು. ಜನ ಎದ್ದು ನಿಂತರು. ಆದರೆ ಅಶ್ಮಿತಾ ಗಾಳಿಯಲ್ಲೇ ಸೊಂಟ ತಿರುಗಿಸಿ, ಬೀಳುತ್ತ ಬೀಳುತ್ತ ಅವಳನ್ನು ಕೆಳಗೆ ಹಾಕಿಕೊಂಡಳು. ವೈಶಾಲಿಯ ಬೆನ್ನು ಪೂರಾ ಚಾಪೆಗೆ ತಾಗಿತು. ಅನುಮಾನಕ್ಕೆ ಜಾಗವೇ ಇರಲಿಲ್ಲ. ಕಲ್ಯಾಣದ ಅಡುಗೆಯವನ ಮಗಳು ಏಷ್ಯಾದ ಕೂಟಕ್ಕೆ ಹೊರಟಳು.

ವೈಶಾಲಿ ಬಿದ್ದಲ್ಲೇ ಒಂದು ಗಳಿಗೆ ಮಲಗಿದಳು. ಎದ್ದವಳು ಗೆದ್ದವಳ ಕೈಯನ್ನು ತಾನೇ ಮೇಲೆತ್ತಿ ನಾಲ್ಕೂ ದಿಕ್ಕಿಗೆ ತೋರಿಸಿದಳು. ಆಮೇಲೆ ಅಮ್ಮನ ಹತ್ತಿರ ಬಂದು ಅತ್ತಳು, ಚಿಕ್ಕವಳಿದ್ದಾಗ ಅಳುತ್ತಿದ್ದ ಹಾಗೆಯೇ ಬಿಕ್ಕಿ ಬಿಕ್ಕಿ. ಅಳು ನಿಂತ ಮೇಲೆ ರುದ್ರವ್ವ ಡೊಂಬಿವಲಿಯಲ್ಲೇ ಇರುವ ತನ್ನ ತಂಗಿಯ ಮನೆಗೆ ಹೋದಳು. ಅಪ್ಪ ಮಗಳು ಸ್ಟೇಷನ್ನಿಗೆ ನಡೆದರು.

ಠಾಣೆ ಸ್ಟೇಷನ್ನಿನಲ್ಲಿ ಇಳಿದು ಗಾಡಿ ಬದಲಿಸಬೇಕಿತ್ತು. ಆ ದಿನ ಬೆರಳು ಒತ್ತಿ ಸುಮ್ಮನೆ ಕೂತಿದ್ದರೆ ಇವತ್ತು ಇವಳು ಬ್ಯಾಗು ಕಟ್ಟುತ್ತಿದ್ದಳು, ಇದು ಅವನಿಗೂ ಗೊತ್ತು, ಅವಳಿಗೂ ಗೊತ್ತು. ಸಾನಪಾಡಾದ ಗಾಡಿ ಹತ್ತಿ ಕೂತ ಮೇಲೆ ಅವಳು ಕಿಟಕಿಯ ಕಡೆ ನೋಡುತ್ತಲೇ, ಅವನ ಹತ್ತಿರ ಎಂದೂ ಆಡದ ಕನ್ನಡದಲ್ಲಿ, ಒಂದೊಂದೇ ಶಬ್ದ ಹುಡುಕಿ ಹೇಳಿದಳು.

"ಅಕಿ ನನಗಿಂತ ಚಲೋ ಆಡಿದ್ಲು, ಪಪ್ಪಾ. ಆದ್ರ ಗೆಲ್ಲಾಕ ಅಕಿಗೆ ಭಾಳ ತ್ರಾಸ್ ಆತು."

ಹೆಮ್ಮೆಯೆಂದರೆ ಏನೆಂದು ತನಗೆ ಚೆನ್ನಾಗಿ ಗೊತ್ತು ಎಂದುಕೊಂಡಿದ್ದ ಮನುಷ್ಯ ವಿರುಪಾಕ್ಷಪ್ಪ. ಆ ಹೆಮ್ಮೆಯೆಲ್ಲ ಈಗಿನದರ ಮುಂದೆ ಏನೂ ಅಲ್ಲ ಅನ್ನಿಸಿತು. ಅವಳ ತಲೆಯ ಮೇಲೆ ಕೈ ಇಡಬೇಕೆಂದುಕೊಂಡ, ಜನರೆದುರು ಅವಳಿಗೆ ಸೇರುವುದಿಲ್ಲವೆಂದು ಬ್ಯಾಗಿನ ಮೇಲೆ ಇಟ್ಟ.

ಎದುರಿನ ಸೀಟಿನಲ್ಲಿದ್ದ ವಯಸ್ಸಾದವರೊಬ್ಬರು ಹುಡುಗಿಯ ಒಡೆದ ತುಟಿಯನ್ನೂ ಟ್ರ್ಯಾಕ್ ಸೂಟನ್ನೂ ನೋಡಿದರು. ಕುಸ್ತಿ ಆಡುತ್ತೀಯಾ ಮಗಳೇ, ಜೀತೀ ಯಾ ಹಾರೀ, ಗೆದ್ದೆಯೋ ಸೋತೆಯೋ ಎಂದು ಹಿಂದಿಯಲ್ಲಿ ಕೇಳಿದರು. ವೈಶಾಲಿ ತಲೆ ತಗ್ಗಿಸಿದಳು. ಅವಳು ಬಾಯಿ ತೆರೆಯುವ ಮೊದಲೇ ವಿರುಪಾಕ್ಷಪ್ಪ, ಮಾರ್ಕೆಟ್ಟಿನ ಆ ತುದಿಯ ಹಮಾಲನನ್ನು ಕರೆಯುವ ತನ್ನ ದೊಡ್ಡ ದನಿಯಲ್ಲಿ, ಗಾಡಿಯ ಇಡೀ ಡಬ್ಬಿ ತಿರುಗಿ ನೋಡುವ ಹಾಗೆ ಹೇಳಿದ.

"ಹಾರ್ ಗಯೀ, ಸಾಬ್. ಮೇರೀ ಬೇಟೀ ಹೈ."