ಅಮ್ಮನ ಮನೇಲಿರಲಿ

ಮಗಳ ಒಂದು ಜಡೆ ಮುಗಿಸಿ ಇನ್ನೊಂದಕ್ಕೆ ಬಾಚಣಿಗೆ ಇಟ್ಟಿದ್ದಳಷ್ಟೆ, ಫೋನು ಬಂತು. ತವರಿನ ಪಕ್ಕದ ಮನೆಯ ಟೈಲರು. ಹಾಲಿನ ಪ್ಯಾಕೆಟ್ಟು ಬಾಗಿಲಲ್ಲೇ ಬಿದ್ದಿದ್ದು ನೋಡಿ ಒಳಗೆ ಹೋದನಂತೆ. ಅಮ್ಮ ಅಡುಗೆಮನೆಯ ಕುರ್ಚಿಯಲ್ಲಿ ಕೂತಲ್ಲೇ ಹೋಗಿಬಿಟ್ಟಿದ್ದರು.

ಒಂಟಿ ಜಡೆಯ ಮಗಳ ಕೈಹಿಡಿದು ಅವಳು ಬರುವಷ್ಟರಲ್ಲಿ ಅಣ್ಣನೂ ಸೋದರಮಾವನೂ ಬಂದು ಅಮ್ಮನನ್ನು ಕುರ್ಚಿಯಿಂದ ಎತ್ತಿ ಜಗಲಿಯಲ್ಲಿ ಮಲಗಿಸಿದ್ದರು. ಹೊರಡಿಸುವ ಮೊದಲು ಒಂದು ಗಳಿಗೆ ಅಕ್ಕನನ್ನು ಅವಳ ಮಂಚದ ಮೇಲೆ ಮಲಗಿಸೋಣ ಎಂದರು ಮಾವ.

"ಆಸ್ಪತ್ರೆ ಲಾಂಡ್ರೀಲಿ ಊರವರ ಹಾಸಿಗೆಗೆಲ್ಲ ಚಾದರ ಇಸ್ತ್ರಿ ಮಾಡಿದೋಳು. ತನ್ನ ಹಾಸಿಗೇಲಿ ಒಂದಿಷ್ಟು ಮಲಗಲಿ."

ಕೋಣೆಗೆ ಹೋಗಲು ದಾರಿಯಿರಲಿಲ್ಲ. ಸೂರು ಮುಟ್ಟುವಷ್ಟು ಸಾಮಾನು.

"ಬೀದೀಲಿ ಎಲ್ಲಾ ಗೋಡೌನಮ್ಮ ಅಂತಿದ್ವಿ," ಎಂದ ಟೈಲರು. ತಮಾಷೆಗೆ ಹೇಳಹೋಗಿ ತಾನೇ ಮುಖ ಕೆಳಗೆ ಹಾಕಿದ.

ಒಬ್ಬರ ಕೈಯಿಂದೊಬ್ಬರಿಗೆ ದಾಟಿಸುತ್ತ ಸಾಮಾನು ಬೀದಿಗೆ ತಂದರು. ಮಗಳು ಏನೋ ಕೇಳಲು ಸೆರಗು ಜಗ್ಗಿದಳು. ಆಮೇಲೆ ಕೇಳು ಪುಟ್ಟಾ, ಎಂದಳು ಅವಳು. ಕೆಟ್ಟ ಟಿವಿ ಕೈಗೆ ಬಂದಾಗ ಅಣ್ಣ ಯಾರಿಗೂ ದಾಟಿಸದೆ ತಾನೇ ಹೊತ್ತು ಹೊರಗಿಟ್ಟ. ಅದು ಅವನದು. ಮುರಿದ ಡೈನಿಂಗ್ ಟೇಬಲ್ಲೂ ಅವನದೇ. ಹೊಲಿಗೆ ಬಿಟ್ಟ ಸೂಟ್‌ಕೇಸುಗಳು ಮಾವನವು. ಪುಟ್ಟ ಸೈಕಲ್ಲು ಬಂದಾಗ ಮಗಳು, "ನಂದು!" ಎಂದಳು.

ಅಮ್ಮನದು ಎನ್ನುವಂಥದ್ದು ಇನ್ನೂ ಒಂದೂ ಬಂದಿರಲಿಲ್ಲ.

*

ಮಗಳಿಗೆ ತೊಟ್ಟಿಲು ಸಾಲದಾದಾಗ ಅವಳಿಗೆ ಎಸೆಯಲು ಮನಸ್ಸಾಗಲಿಲ್ಲ, ಇಡಲು ಜಾಗವಿರಲಿಲ್ಲ. ಅಮ್ಮನ ಮನೇಲಿರಲಿ, ಎಂದು ಆಟೋದಲ್ಲಿ ಹಾಕಿಕೊಂಡು ಬಂದಳು. ಆ ಮಾತು ಮನೆಮಂದಿಗೆಲ್ಲ ಬಾಯಿಪಾಠ.

ಅಮ್ಮ ಹೊಸ್ತಿಲಲ್ಲೇ ತೊಟ್ಟಿಲ ಕಾಲು ಹಿಡಿದುಕೊಂಡರು.

"ಸ್ವಲ್ಪ ದಿನ ಅಷ್ಟೇ ಅಮ್ಮ."

"ಇಡು ಮಗಾ. ನಾನೊಬ್ಬಳಿಗೆ ಎಷ್ಟು ಜಾಗ ಬೇಕು?"

ಒಳಗೆ ಬಂದು ಕೂರು ಎನ್ನಲಿಲ್ಲ. ಆಟೋ ಕಾಯುತ್ತಿತ್ತು, ಇವಳೂ ಕೂರಲಿಲ್ಲ.

*

ಕೊನೆಗೆ ಮಂಚ ಕಂಡಿತು. ಅದರ ಮೇಲೆ, ಗೋಡೆಗೆ ಒತ್ತಿಕೊಂಡು, ತೊಟ್ಟಿಲು. ಅಣ್ಣ ಒಂದು ಕಡೆ, ಅವಳೊಂದು ಕಡೆ ಹಿಡಿದು ಎತ್ತಿದರು. ಚಾದರದ ಮೇಲೆ ಧೂಳು ಒಂದೇ ಸಮ ಕೂತಿತ್ತು. ಹಾಸಿಗೆಯಲ್ಲಿ ಮೈಯ ಗುರುತಿಲ್ಲ. ತೊಟ್ಟಿಲ ಕಾಲು ಊರಿದ ನಾಲ್ಕು ಕುಳಿಗಳು ಮಾತ್ರ.

ಅವಳು ಚಾದರ ಕೊಡವಿ ಅಂಗೈಯಿಂದ ಆ ಕುಳಿಗಳನ್ನು ಸವರಿದಳು. ಅವು ಮೇಲೇಳಲಿಲ್ಲ.

ಮಗಳು ಅಡುಗೆಮನೆಯಿಂದ ಬಂದು ಬಾಗಿಲಲ್ಲಿ ನಿಂತಳು. ಕೈಯಲ್ಲಿ ಅಜ್ಜಿಯ ದಿಂಬು. ಕುರ್ಚಿಯ ಬೆನ್ನಿಗೆ ಕಟ್ಟಿದ್ದ ದಾರ ಇನ್ನೂ ಅದಕ್ಕೆ ಜೋತಾಡುತ್ತಿತ್ತು.

"ಅಮ್ಮಾ, ಅಜ್ಜಿ ಎಲ್ಲಿ ಮಲಗ್ತಿದ್ರು?"