ಕೆಳಗಿನ ಖಾನೆಯ ರಿಜಿಸ್ಟರು

ಕಾಲ ಹದಿನೇಳು ವರ್ಷಕ್ಕೊಮ್ಮೆ ತಿರುಗಿ ಬರುತ್ತದೆ ಎಂದು ನನ್ನ ಅಣ್ಣ ಕಂಡುಹಿಡಿದದ್ದು ನನ್ನ ಕಳ್ಳಾಟದಿಂದ. ಇದನ್ನು ಅವನಿಗೆ ಹೇಳಲು ನನಗೆ ಆರು ವರ್ಷ ಬೇಕಾಯಿತು. ಹೇಳಿದ ಮೇಲೂ ಅವನ ತಲೆಗೆ ಹೋಗಲಿಲ್ಲ, ಆ ಮಾತು ಬೇರೆ.

ನಾನು ಊರಿಗೆ ನೀರು ಕೊಡುವ ಜಲಾಶಯದಲ್ಲಿ ಅಳತೆ ಬರೆಯುವವಳಾಗಿದ್ದೆ. ದಿನಾ ಬೆಳಿಗ್ಗೆ ಏಳಕ್ಕೆ ಕಲ್ಲಿನ ಮೆಟ್ಟಿಲಿಳಿದು, ನೀರಿನಲ್ಲಿ ನೆಟ್ಟ ಅಳತೆಪಟ್ಟಿ ನೋಡಿ, ನೀರು ಎಷ್ಟಿದೆ ಎಂದು ಆಫೀಸಿನ ರಿಜಿಸ್ಟರಿನಲ್ಲಿ ಬರೆಯಬೇಕು. ಇರುವುದು ಅಷ್ಟೇ ಕೆಲಸ. ಅಮ್ಮ ಹಾಸಿಗೆ ಹಿಡಿದ ಮೇಲೆ ಅಷ್ಟೂ ಆಗಲಿಲ್ಲ. ಏಳಕ್ಕೆ ಅವಳ ಬಟ್ಟೆ ಬದಲಿಸಬೇಕು, ಮಗ್ಗುಲು ತಿರುಗಿಸಬೇಕು, ಒಂದು ಲೋಟ ಹಾಲು ಕುಡಿಸಲು ಮುಕ್ಕಾಲು ಗಂಟೆ. ಜಲಾಶಯ ಒಂದು ದಿಕ್ಕು, ಆಫೀಸು ಇನ್ನೊಂದು ದಿಕ್ಕು. ಹತ್ತಕ್ಕೆ ನೇರ ಆಫೀಸಿಗೆ ಓಡಿ, ಬೀರುವಿನ ಕೆಳಗಿನ ಖಾನೆಯಿಂದ ಹಳೆಯ ರಿಜಿಸ್ಟರು ಎಳೆದು, ಅದೇ ತಾರೀಖಿಗೆ ಅಲ್ಲಿದ್ದ ಅಂಕಿಯನ್ನು ಇಲ್ಲಿಗೆ ಇಳಿಸುತ್ತಿದ್ದೆ. ಅದು ಹದಿನೇಳು ವರ್ಷ ಹಿಂದೆ ಶುರುವಾದ, ನಾಲ್ಕು ವರ್ಷದ ಅಂಕಿಯಿದ್ದ ದಪ್ಪ ರಿಜಿಸ್ಟರು. ಅಮ್ಮ ಕಣ್ಣುಮುಚ್ಚುವವರೆಗೂ ಹಾಗೇ ನಡೆಯಿತು. ಮೇಲಿನವರು ಯಾರೂ ನೋಡಲಿಲ್ಲ. ಪುಣ್ಯಕ್ಕೆ ನೀರೂ ಯಾರ ಮನೆಗೂ ನುಗ್ಗಲಿಲ್ಲ.

ಅಣ್ಣ ಆಗ ಇನ್ನೊಂದು ಊರಿನಲ್ಲಿ ಲೆಕ್ಕದ ಮೇಷ್ಟ್ರು. ತಿಂಗಳಿಗೊಂದು ಕಾಗದ ಬರೆಯುತ್ತಿದ್ದ. ‘ಅಮ್ಮನನ್ನು ಚೆನ್ನಾಗಿ ನೋಡಿಕೋ’ ಎನ್ನುವುದು ಅದರ ಕೊನೆಯ ಸಾಲು. ನಿವೃತ್ತನಾದ ಮೇಲೆ ಬಂದು ನನ್ನ ಪಕ್ಕದ ಬೀದಿಯಲ್ಲಿ ಮನೆ ಮಾಡಿದ, ಹೊತ್ತೇ ಹೋಗುವುದಿಲ್ಲ ಎಂದು ಗೋಳಾಡಿದ. ಆಫೀಸಿನವರು ಗುಜರಿಗೆ ಹಾಕಲಿದ್ದ ರಿಜಿಸ್ಟರುಗಳನ್ನು ನಾನೇ ಹೊತ್ತು ತಂದುಕೊಟ್ಟೆ, ಕೂಡಿ ಕಳೆದು ಆಡಿಕೊಂಡಿರಲಿ ಎಂದು. ನನ್ನ ತಲೆಯ ಮೇಲೆ ನಾನೇ ಚಪ್ಪಡಿ ಎಳೆದುಕೊಂಡೆ.

ಮೂರೇ ತಿಂಗಳಲ್ಲಿ ‘ಮರುಕಾಲ ಸಿದ್ಧಾಂತ’ ಹುಟ್ಟಿತು. ಅಂಕಿಗಳು ಹದಿನೇಳು ವರ್ಷಕ್ಕೆ ಚಾಚೂ ತಪ್ಪದೆ ಮರಳುತ್ತವಂತೆ, ನೀರಿಗೆ ಆದದ್ದು ಮನುಷ್ಯನಿಗೂ ಆಗುತ್ತದಂತೆ. ಅಂಕಿ ಹೊಂದದ ವರ್ಷಗಳೇ ಹೆಚ್ಚಿದ್ದವು. ಅವಕ್ಕೆ ‘ಕಾಲದ ನಿದ್ದೆ’ ಎಂದು ಹೆಸರಿಟ್ಟು ಕೈತೊಳೆದುಕೊಂಡ. ಹದಿನೇಳು ವರ್ಷದ ಚಕ್ರ ತಿರುಗುವ ಮೊದಲು ಹಿಡಿದ ಕೆಲಸ ಕೆಡುತ್ತದೆ, ತಿರುಗಿದ ಮೇಲೆ ಹಿಡಿದದ್ದು ಕೈಗೂಡುತ್ತದೆ ಎನ್ನುವುದು ಇದರ ಮೇಲೆ ಅವನು ಬರೆಯುತ್ತಿದ್ದ ಪುಸ್ತಕದ ಕೊನೆಯ ಅಧ್ಯಾಯ. ಯಾರಿಗೇನು ನಷ್ಟ ಎಂದು ನಾನು ಬಾಯಿ ಮುಚ್ಚಿಕೊಂಡಿದ್ದೆ.

ಈ ತಿಂಗಳು ನಷ್ಟ ಎದುರಿಗೇ ಬಂದು ನಿಂತಿತು. ಅಣ್ಣನ ಬಲಗಣ್ಣಿನ ಒತ್ತಡ ಏರಿತ್ತು. ಎಡಗಣ್ಣು ಮೊದಲೇ ಮಂಜು. ತಿಂಗಳೊಳಗೆ ಆಪರೇಷನ್ ಆಗದಿದ್ದರೆ ಬಲಗಣ್ಣೂ ಹೋಗುತ್ತದೆ ಎಂದು ಡಾಕ್ಟರಮ್ಮ ಬಿಡಿಸಿ ಹೇಳಿದರು. ಅಣ್ಣ ಜೇಬಿನಿಂದ ಚೀಟಿ ತೆಗೆದು ನೋಡಿ, ಚಕ್ರ ತಿರುಗುವುದಕ್ಕೆ ಇನ್ನೂ ಐದು ತಿಂಗಳಿದೆ, ಆಮೇಲೆ ಬರುತ್ತೇನೆ ಎಂದ. ಅವರು ನನ್ನ ಮುಖ ನೋಡಿದರು. ನಾನು ನೆಲ ನೋಡಿದೆ.

ಅತ್ತಿಗೆ ಬೇಡಿಕೊಂಡರು, ಅತ್ತರು, ಎರಡು ದಿನ ಮಾತು ಬಿಟ್ಟರು. ಅವನು ಜಪ್ಪಯ್ಯ ಎಂದರೂ ಕದಲಲಿಲ್ಲ. ಮೂರನೆಯ ದಿನ ನನ್ನ ಬಾಗಿಲಿಗೆ ಬಂದು, “ನಿನ್ನ ಮಾತಾದ್ರೂ ಕೇಳ್ತಾರೇನೋ ನೋಡಮ್ಮ,” ಎಂದರು.

ಹೋದೆ. ಕಿಟಕಿಯ ಬೆಳಕಿಗೆ ಭೂತಗನ್ನಡಿ ಹಿಡಿದು ಅಂಕಿ ನೋಡುತ್ತ ಕೂತಿದ್ದ. ಸುತ್ತಿ ಬಳಸದೆ ಹೇಳಿಬಿಟ್ಟೆ.

“ಅಣ್ಣ, ಆ ಅಂಕಿ ಎಲ್ಲಾ ಸುಳ್ಳು. ನಾನು ಅಳತೆಗೆ ಹೋಗ್ತಾನೇ ಇರ್ಲಿಲ್ಲ. ಹಳೇ ರಿಜಿಸ್ಟರು ನೋಡ್ಕೊಂಡು ನಕಲು ಹೊಡೆದಿದ್ದೀನಿ. ನಿನ್ನ ಚಕ್ರ ಅಂದ್ರೆ ಅದೇ.”

ಅವನು ಭೂತಗನ್ನಡಿ ಕೆಳಗಿಟ್ಟ. ಮುಖ ಬಿಳಿಚಿಕೊಂಡಿತು.

“ಯಾವ ರಿಜಿಸ್ಟರು?”

“ಹದಿನೇಳು ವರ್ಷ ಹಿಂದಿಂದು.”

“ಅದನ್ನೇ ಯಾಕೆ ತಗೊಂಡೆ? ಹದಿನಾರರದ್ದು ಇರ್ಲಿಲ್ವಾ? ಹದಿನೆಂಟರದ್ದು?”

“ಅದು ಕೆಳಗಿನ ಖಾನೇಲಿತ್ತು. ಮಿಕ್ಕಿದ್ದಕ್ಕೆ ಸ್ಟೂಲ್ ಹಾಕ್ಬೇಕಿತ್ತು.”

ಅವನ ಮುಖ ಅರಳಿತು. ಅಂಥ ಕೆಟ್ಟ ಸಂತೋಷವನ್ನು ನಾನು ಇನ್ನೆಲ್ಲೂ ಕಂಡಿಲ್ಲ.

“ನೋಡಿದ್ಯಾ ಪುಟ್ಟಿ! ನೀನು ತಗೊಂಡೆ ಅಂತ ನೀನು ಅಂದ್ಕೊಂಡಿದೀಯ. ಅದಾಗೇ ನಿನ್ನ ಕೈಗೆ ಬಂದಿದೆ. ಕಾಲ ಮರಳೋಕೆ ನೀರೇ ಬೇಕು ಅಂತೇನಿಲ್ಲ, ಒಬ್ಬ ಸೋಮಾರಿ ಸಾಕು!”

ಮೈಯೆಲ್ಲ ಉರಿದುಹೋಯಿತು. ಯಾವ ರಿಜಿಸ್ಟರು ಎಂದು ಕೇಳಿದ, ಹದಿನಾರರದ್ದು ಯಾಕಲ್ಲ ಎಂದು ಕೇಳಿದ. ಅಳತೆಗೆ ಯಾಕೆ ಹೋಗಲಿಲ್ಲ, ಅಷ್ಟು ದಿನ ಎಲ್ಲಿದ್ದೆ ಎಂದು ಮಾತ್ರ ಕೇಳಲಿಲ್ಲ. ಎದ್ದು ಬಾಗಿಲವರೆಗೆ ಬಂದೆ. ಅಲ್ಲಿ ಅತ್ತಿಗೆ ಸೆರಗನ್ನು ಬಾಯಿಗೆ ಒತ್ತಿಕೊಂಡು ನಿಂತಿದ್ದರು. ಹಿಂತಿರುಗಿದೆ. ನಿಜ ನಾಟದ ಮನುಷ್ಯನಿಗೆ ಸುಳ್ಳನ್ನೇ ಕೊಡೋಣ ಎನಿಸಿತು.

“ಇನ್ನೊಂದು ಮರೆತೆ. ಮೊದಲ ಐದು ತಿಂಗಳು ಸಿಕ್ಕಿಬೀಳ್ತೀನಿ ಅಂತ ಭಯ. ಒಂದೊಂದು ಅಂಕಿ ಬದಲಾಯಿಸಿ ಬರೀತಿದ್ದೆ. ಆಮೇಲೆ ಧೈರ್ಯ ಬಂತು, ಇದ್ದಿದ್ದನ್ನ ಇದ್ದ ಹಾಗೇ ಇಳಿಸಿದೆ.”

ಅವನು ಬೆರಳು ಮಡಿಸಿದ, ಬಿಚ್ಚಿದ, ಮತ್ತೆ ಮಡಿಸಿದ. “ಅಂದ್ರೆ ಶುರುವಾಗಿದ್ದು ಐದು ತಿಂಗಳು ಮುಂಚೆ. ಅಂದ್ರೆ ತಿರುಗೋದು ಈ ಗುರುವಾರ! ಇಷ್ಟು ವರ್ಷ ಬಾಯಿ ಬಿಡ್ಲಿಲ್ವಲ್ಲೇ, ಬುದ್ಧಿ ಇದ್ಯಾ ನಿಂಗೆ?” ಎಂದು ನನಗೇ ಬೈದ.

ಶುಕ್ರವಾರ ಆಪರೇಷನ್ ಆಯಿತು. ಕಣ್ಣು ಉಳಿಯಿತು. ನನಗೆ ಸಂತೋಷವೇನೋ ಆಯಿತು, ಆದರೆ ಒಳಗಿನ ಉರಿ ಇಳಿಯಲಿಲ್ಲ. ಮೂರು ವಾರ ಓದಬಾರದು, ಬರೆಯಬಾರದು ಎಂದಿದ್ದರಿಂದ ಪುಸ್ತಕ ತಿದ್ದುವ ಕೆಲಸವೂ ನನ್ನ ಕೊರಳಿಗೇ ಬಿತ್ತು. ಕಣ್ಣಿಗೆ ಪಟ್ಟಿ ಕಟ್ಟಿಕೊಂಡು ಒರಗಿ ಕೂತು ಅವನು ಹೇಳುತ್ತಿದ್ದ, ನಾನು ಬರೆಯುತ್ತಿದ್ದೆ.

“ಬರಿ. ಈ ಅವಧಿಯಲ್ಲಿ ಅಳತೆಗಾರ್ತಿಯ ಸೋಮಾರಿತನದ ಮೂಲಕ ಕಾಲವು ತನ್ನನ್ನು ತಾನೇ ಪ್ರಕಟಿಸಿಕೊಂಡಿತು.”

ಬರೆದೆ. ಅವನು ಹೇಳಿದ್ದನ್ನಲ್ಲ.

“ಆಯ್ತಾ? ಓದು ನೋಡೋಣ.”

ಓದಿದೆ. “ಈ ಅವಧಿಯಲ್ಲಿ ಅಳತೆ ನಡೆದಿಲ್ಲ. ಅಳತೆಗಾರ್ತಿಯ ತಾಯಿ ಹಾಸಿಗೆ ಹಿಡಿದಿದ್ದಳು. ನೋಡಿಕೊಳ್ಳಲು ಮನೆಯಲ್ಲಿ ಇನ್ನೊಬ್ಬರು ಇರಲಿಲ್ಲ.”

ಅಡುಗೆಮನೆಯಲ್ಲಿ ಅತ್ತಿಗೆ ನಲ್ಲಿ ನಿಲ್ಲಿಸಿದ್ದು ಕೇಳಿಸಿತು. ಇದನ್ನೂ ತಿರುಚಿ ಇನ್ನೊಂದು ಅಧ್ಯಾಯ ಮಾಡುತ್ತಾನೆ ಎಂದು ಹಲ್ಲು ಕಚ್ಚಿಕೊಂಡು ಕಾದೆ.

“ಎಷ್ಟು ದಿನ?” ಎಂದ.

“ಸಾವಿರದ ಮುನ್ನೂರ ನಲವತ್ತು.”

“ಎಣಿಸ್ತಿದ್ಯಾ?”

“ಇನ್ಯಾರು ಎಣಿಸ್ಬೇಕಿತ್ತು?”

ಅವನ ಕೈ ಮೇಜಿನ ಮೇಲೆ ತಡಕಾಡಿ ನನ್ನ ಕಾಗದ ಮುಟ್ಟಿತು. ಹರಿದುಹಾಕುತ್ತಾನೆ ಎಂದುಕೊಂಡೆ. ಹರಿಯಲಿಲ್ಲ. ಹಾಳೆಯ ಮೇಲೆ ಅಂಗೈ ಇಟ್ಟ. ಆಮೇಲೆ ಅದನ್ನು ನನ್ನ ಕಡೆ ಸರಿಸಿದ.

“ಅದನ್ನೂ ಬರಿ,” ಎಂದ. “ಅಂಕೀಲಿ ಬೇಡ. ಅಕ್ಷರದಲ್ಲಿ ಬರಿ.”