ಇತಿಹಾಸವಿಲ್ಲದ ದೆವ್ವ

"ಆ ದೆವ್ವ ಮೊನ್ನೆ ಮೊನ್ನೆ ಬಂದದ್ದು ಕಣಮ್ಮಾ," ಎಂದಳು ಟೈಲರಮ್ಮ, ಹಲ್ಲಿನಲ್ಲಿ ದಾರ ಕಡಿದು. "ಮೇಷ್ಟ್ರ ತಾಯಿ ತೀರಿಕೊಂಡ ಮೇಲೆ. ಅದಕ್ಕೆ ಮುಂಚೆ ಆ ಮನೇಲಿ ಅಳೂ ಇಲ್ಲ, ಗಿಳೂ ಇಲ್ಲ."

ನಿರ್ದೇಶಕಿ ಕ್ಯಾಮೆರಾದಿಂದ ತಲೆ ಎತ್ತಿದಳು. ದೆವ್ವದ ಮನೆಗಳ ಬೆನ್ನು ಹತ್ತಿ ಸಾಕ್ಷ್ಯಚಿತ್ರ ಮಾಡುವುದು ಅವಳ ಕಸುಬು. ಮೊದಲು ದೆವ್ವದ ವಯಸ್ಸು ತಿಳಿದುಕೊಳ್ಳುವುದು, ಆಮೇಲೆ ಸತ್ತವರನ್ನು ಹುಡುಕುವುದು. ಎಲ್ಲ ದೆವ್ವದ ಹಿಂದೆಯೂ ಒಂದು ಸಾವು ಸಿಕ್ಕೇ ಸಿಗುತ್ತಿತ್ತು. ಇದೊಂದು ಮಾತ್ರ ಕೈಗೆ ಸಿಗದೆ ಸತಾಯಿಸುತ್ತಿತ್ತು. ನೂರು ವರ್ಷದ ಹಿಂದೆ ಹಿತ್ತಲ ಬಾವಿಗೆ ಹಾರಿದ ಮದುಮಗಳು ಎಂದು ಮನೆಯ ಯಜಮಾನರಾದ ಮೇಷ್ಟ್ರು ಕಣ್ಣಿಗೆ ಕಟ್ಟುವಂತೆ ಹೇಳಿದ್ದರು. ಹಳೆಯ ಪತ್ರಿಕೆ, ನಗರಸಭೆಯ ದಾಖಲೆ ಎಲ್ಲ ಜಾಲಾಡಿದ್ದಾಯಿತು. ಮದುಮಗಳಿರಲಿ, ಆ ಹಿತ್ತಲಲ್ಲಿ ಬಾವಿಯೇ ಇದ್ದಿರಲಿಲ್ಲ.

"ಅಳು ಕೇಳಿಸೋ ಆ ಹಿಂದಿನ ಕೋಣೇಲಿ ಆಗ ಯಾರಿದ್ರು?"

"ಮೇಷ್ಟ್ರ ತಂಗಿ. ಚೂಟಿ ಹುಡುಗಿ, ಬಾಯೂ ಸ್ವಲ್ಪ ಜೋರು. ದೂರದೂರಿಗೆ ಮದುವೆ ಮಾಡಿ ಕಳಿಸಿದೆ ಅಂದ್ರು." ಟೈಲರಮ್ಮ ಸೂಜಿಯನ್ನು ಬಟ್ಟೆಗೆ ಚುಚ್ಚಿಟ್ಟಳು. "ಹುಟ್ಟಿದಾಗಿಂದ ಅವಳ ಬಟ್ಟೆ ಹೊಲಿದವಳು ನಾನು. ಮದುವೆಗೆ ಅಂತ ಒಂದು ರವಿಕೆ ಕೂಡ ಹೊಲಿಸಲಿಲ್ಲ ನೋಡು. ಹೊಟ್ಟೆ ಉರೀತು ನಂಗೆ."

ನಿರ್ದೇಶಕಿ ಕ್ಯಾಮೆರಾ ಆರಿಸಿ ಎದ್ದಳು. ಬಿದ್ದೆನೋ ಎದ್ದೆನೋ ಅಂತ ಸ್ಟುಡಿಯೋಗೆ ಬಂದಳು.

ಅಲ್ಲಿ ಧ್ವನಿಯ ಕೆಲಸದವನು ಇದ್ದ. ಸೊಳ್ಳೆಯ ಆಕಳಿಕೆಯೂ ಕೇಳಿಸುತ್ತದೆ ಎಂದು ಗೆಳೆಯರು ಅವನಿಗೆ 'ಕಿವಿ' ಎಂದು ಹೆಸರಿಟ್ಟಿದ್ದರು. ಆ ಮನೆಯಲ್ಲಿ ಕೇಳಿಸಿದ ಅಳುವನ್ನು ಹಿಡಿದವನು ಅವನೇ. ಅದು ಹಳೆಯ ಪೈಪಿನಲ್ಲಿ ನುಗ್ಗುವ ಗಾಳಿ ಎಂದು ನಿರ್ದೇಶಕಿ ಆಗಲೇ ತೀರ್ಮಾನಿಸಿಬಿಟ್ಟಿದ್ದಳು. ಮೊದಲು ಜನ ಹೆದರಲಿ, ಕೊನೆಯಲ್ಲಿ ಪೈಪು ತೋರಿಸೋಣ ಎಂದು ಅದನ್ನು ಟ್ರೇಲರಿಗೂ ಹಾಕಿದ್ದಳು. ಊರೆಲ್ಲ ನೋಡಿ ಬೆಚ್ಚಿಬಿದ್ದಿತ್ತು.

"ಆ ಅಳು ಹಾಕು. ಟ್ರೇಲರಿಂದಲ್ಲ, ಮೂಲದ್ದು."

ಕಿವಿ ಹಾಕಿದ. ಅಳು ಎಳೆಎಳೆಯಾಗಿ ಬಂತು, ನಿಂತಿತು. ಆಮೇಲೆ ಒಂದು ಕೆಮ್ಮು.

"ಇದು ಟ್ರೇಲರಲ್ಲಿ ಇರಲಿಲ್ಲವಲ್ಲೋ!"

"ನಾನೇ ತೆಗೆದೆ ಅಕ್ಕಾ. ನೀನೇ ಕೆಮ್ಮಿದೆ ಅಂದ್ಕೊಂಡೆ. ದೆವ್ವ ಕೆಮ್ಮಿದ್ರೆ ಜನ ನಗಲ್ವಾ?"

"ನಾನು ಕೆಮ್ಮಿಲ್ಲ ಕಣೋ."

ಕಿವಿ ಇನ್ನೊಮ್ಮೆ ಹಾಕಲು ಹೋದವನು ಕೈ ಹಿಂದಕ್ಕೆಳೆದುಕೊಂಡ. ಒಬ್ಬಳು ಬಾಯಿಬಿಟ್ಟು ಅಳುತ್ತಿದ್ದಾಗ ತಾವಿಬ್ಬರೂ ಬಾಗಿಲ ಈಚೆಗೇ ನಿಂತು ಶಬ್ದ ಚೆನ್ನಾಗಿ ಬರುತ್ತಿದೆ ಎಂದು ಹೆಬ್ಬೆರಳು ಎತ್ತಿ ಸನ್ನೆ ಮಾಡಿಕೊಂಡಿದ್ದೆವಲ್ಲ ಎಂದು ನಿರ್ದೇಶಕಿಗೆ ತನ್ನ ಮೇಲೇ ಅಸಹ್ಯವಾಯಿತು.

ಪೊಲೀಸ್ ಠಾಣೆಗೆ ಫೋನು ಮಾಡಿದಳು. "ದೆವ್ವದ ಪಿಕ್ಚರಿನವರಲ್ವಾ ಮೇಡಂ?" ಎಂದು ಆ ಕಡೆಯವನು ನಕ್ಕ. "ನಮ್ಮ ಮಗು ನಿಮ್ಮ ಟ್ರೇಲರ್ ನೋಡಿ ಊಟಾನೇ ಬಿಟ್ಟಿದೆ. ಪ್ರಚಾರಕ್ಕೆ ನಮ್ಮನ್ಯಾಕೆ ಎಳೀತೀರಾ?" ಅವಳು ಗೋಗರೆದ ಮೇಲೆ, ಜೀಪು ಬಂದಾಗ ಕಳಿಸುತ್ತೇನೆ ಎಂದು ಫೋನು ಇಟ್ಟುಬಿಟ್ಟ.

ಅವಳಿಗೆ ಅಲ್ಲಿಯವರೆಗೂ ತಡೆಯಲಾಗಲಿಲ್ಲ. ಕಿವಿಯನ್ನು ಕರೆದುಕೊಂಡು ಮಟಮಟ ಮಧ್ಯಾಹ್ನವೇ ಹೋಗಿ ಮೇಷ್ಟ್ರ ಬಾಗಿಲು ತಟ್ಟಿದಳು.

"ಬನ್ನಿ ಬನ್ನಿ! ಇನ್ನೂ ಏನು ಬಾಕಿ?" ಇಸ್ತ್ರಿ ಮಾಡಿದ ಅಂಗಿ, ಬಾಚಿದ ತಲೆ, ಎಂದಿನ ನಗು.

"ಹಿಂದಿನ ಕೋಣೆ ಮುಂದೆ ಸ್ವಲ್ಪ ನಿಶ್ಶಬ್ದ ರೆಕಾರ್ಡ್ ಮಾಡ್ಕೋಬೇಕಿತ್ತು ಸರ್." ಇದೇನು ಬರೀ ನೆಪವಲ್ಲ. ಪ್ರತಿ ಕೋಣೆಯ ಬರೀ ಮೌನವನ್ನೂ ಚಿತ್ರ ಮಾಡುವವರು ಹಿಡಿದುಕೊಳ್ಳುತ್ತಾರೆ, ಆಮೇಲೆ ಮಾತುಗಳ ನಡುವೆ ಸೇರಿಸಲು ಬೇಕಾಗುತ್ತದೆ.

"ನಿಶ್ಶಬ್ದಕ್ಕೇನು ಬರಗಾಲ? ಬೇಕಾದಷ್ಟು ತಗೊಳ್ಳಿ. ಬೀಗದ ಕೈ ಮಾತ್ರ ಕೇಳಬೇಡಿ. ಅದು ಕಳೆದು ಯಾವ ಕಾಲವಾಯ್ತೋ!"

ನಡುಮನೆ ದಾಟಿ, ಅಡುಗೆಮನೆ ದಾಟಿ ಮೂವರೂ ಹಿಂದಿನ ಕೋಣೆಯ ಮುಂದೆ ನಿಂತರು. ಕಳೆದುಹೋದ ಕೀಲಿಯ ಬೀಗಕ್ಕೆ ಯಾರೋ ಹೊಸದಾಗಿ ಎಣ್ಣೆ ಬಿಟ್ಟಿದ್ದರು. ಬಾಗಿಲ ಕೆಳಗಿನ ಸಂದಿಯಲ್ಲಿ ಒಂದು ತಟ್ಟೆ ತೂರುವಷ್ಟು ಜಾಗವಿತ್ತು. ಎಷ್ಟು ಸಲ ಬಂದರೂ ಅವಳು ಇದನ್ನೆಲ್ಲ ನೋಡಿಯೇ ಇರಲಿಲ್ಲ.

ಕಿವಿ ಮೈಕು ಎತ್ತಿ ಹಿಡಿದ. ಮೂವರೂ ಉಸಿರು ಬಿಗಿಹಿಡಿದು ನಿಂತರು. ಮೇಷ್ಟ್ರು ತುಟಿಯ ಮೇಲೆ ಬೆರಳಿಟ್ಟುಕೊಂಡು ತಾವೂ ಸಹಕರಿಸಿದರು.

ಒಳಗೆ ಯಾರೋ ಕೆಮ್ಮನ್ನು ನುಂಗಿಕೊಂಡ ಸದ್ದಾಯಿತು.

ಅವಳು ಮಂಡಿಯೂರಿ ಕೂತು ಸಂದಿಗೆ ಬಾಯಿ ಹಚ್ಚಿದಳು. "ಅಮ್ಮಾ, ಒಳಗಿದ್ದೀರಾ? ನಾನು ಹೊರಗಿನವಳು. ನಿಮ್ಮನ್ನ ಕರ್ಕೊಂಡು ಹೋಗೋಕೆ ಬಂದಿದೀನಿ."

"ಏನ್ರೀ ಇದು?" ಎಂದರು ಮೇಷ್ಟ್ರು ಮೆಲ್ಲಗೆ. ದನಿ ಏರಲಿಲ್ಲ. ತಿರುಗಿ ನಡುಮನೆಗೆ ಹೋಗಿ ಬೀದಿಬಾಗಿಲ ಚಿಲಕ ಹಾಕಿ ಬಂದರು.

ಒಳಗೆ ಮೈ ಎಳೆದುಕೊಂಡು ಬರುವ ಸದ್ದು ಬಾಗಿಲ ತನಕ ಬಂದು ನಿಂತಿತು. ಮಾತನಾಡಿ ರೂಢಿ ತಪ್ಪಿದ ಗಂಟಲು.

"ಅಣ್ಣ ಅಲ್ಲೇ ಇದಾನಾ?"

ನಿರ್ದೇಶಕಿಗೆ ಸುಳ್ಳು ಹೇಳಲು ಬಾಯಿ ಬರಲಿಲ್ಲ. "ಇದಾರೆ."

"ಹಾಗಾದ್ರೆ ನಾನಿಲ್ಲ," ಎಂದಿತು ಒಳಗಿನ ದನಿ. ಸದ್ದು ಮತ್ತೆ ಎಳೆದುಕೊಂಡು ಹಿಂದಕ್ಕೆ ಹೋಯಿತು, ಗೋಡೆಯವರೆಗೂ.